ಹೊಸ್ತಿಲಲ್ಲಿ ಉಪವಾಸ

ಲಾಸ್ ಏಂಜಲೀಸ್
೯ ಮಾರ್ಚ್ ೨೦೧೪

ಅಕ್ಕಾ,

ಫೋನ್ ಎತ್ತುವುದಿಲ್ಲ, ಮೆಸೇಜಿಗೆ ಉತ್ತರವಿಲ್ಲ. ಹಾಗಾಗಿ ಅಂಚೆಯವನ ಕಾಲಿಗೆ ಬಿದ್ದಿದ್ದೇನೆ. ಫೋನನ್ನಾದರೆ ಕಟ್ ಮಾಡಬಹುದು, ಕಾಗದವನ್ನು ಹರಿದೇ ಹಾಕಬೇಕು. ಅಕ್ಷರ ಇರುವ ಹಾಳೆಯನ್ನು ನೀನು ಹರಿಯುವವಳಲ್ಲ ಎಂಬ ಧೈರ್ಯ ನನಗೆ.

ಸಂಕ್ರಾಂತಿಯ ದಿನ ನಿನ್ನ ಅಡುಗೆಮನೆಯಲ್ಲಿ ನಿಂತು, "ಅಕ್ಕಾ, ಭಾವ ಇಲ್ಲ ಅಂತ ಒಪ್ಕೊ, ಮಾಡಬೇಕಾದ್ದನ್ನ ಮಾಡೋಣ," ಎಂದೆ. ನೀನು ಬಾಗಿಲು ತೋರಿಸಿದೆ. ಆ ಮಾತನ್ನು ವಾಪಸ್ ತೆಗೆದುಕೊಳ್ಳಲು ಬರೆಯುತ್ತಿಲ್ಲ. ನವೆಂಬರಿನ ಆ ಶನಿವಾರ ಬೆಳಿಗ್ಗೆ ಭಾವ ಲಾ ಹೋಯಾದ ಕಡಲ ದಡದಿಂದ ಒಬ್ಬರೇ ಕೂರುವ ಕಯಾಕ್ ದೋಣಿ ಇಳಿಸಿದರು, ಮಧ್ಯಾಹ್ನ ಕಯಾಕ್ ಒಂದೇ ವಾಪಸ್ ಬಂತು. ಕೋಸ್ಟ್ ಗಾರ್ಡಿನವರು ಹುಡುಕಿ ಹುಡುಕಿ ಕೈಬಿಟ್ಟರು. ಅದಕ್ಕಿಂತ ಹೆಚ್ಚು ನನಗೂ ಗೊತ್ತಿಲ್ಲ, ನಿನಗೂ ಗೊತ್ತಿಲ್ಲ. ಜಗಳ ಇಷ್ಟಕ್ಕೇ ಇರಲಿ. ನನ್ನ ಸಮಾಚಾರ ಹೇಳುತ್ತೇನೆ, ಕೇಳು.

ನನ್ನ ಪಿಎಚ್‌ಡಿ ಗೊತ್ತಲ್ಲ, ಐರ್ಲೆಂಡಿನ ಹಳೆಯ ಕ್ರೈಸ್ತ ಸನ್ಯಾಸಿಗಳು. ಎಲೆಕ್ಟ್ರಿಕಲ್ ಬಿಟ್ಟು ಇವರ ಹಿಂದೆ ಹೋದಾಗಿನಿಂದ ದೊಡ್ಡಪ್ಪ ನನ್ನನ್ನು ಪಾದ್ರಿ ಎಂದೇ ಕರೆಯುತ್ತಾರೆ. ಇವರು ಸಾವಿರದ ಮುನ್ನೂರು ವರ್ಷದ ಹಿಂದೆ ಕಡಲ ಬಂಡೆಗಳ ಮೇಲೆ, ಗಾರೆಯಿಲ್ಲದೆ ಕಲ್ಲಿನ ಮೇಲೆ ಕಲ್ಲು ಪೇರಿಸಿ, ಹುತ್ತದಂಥ ಗೂಡು ಕಟ್ಟಿಕೊಂಡು ಬದುಕಿದವರು. ಬೈಬಲ್ಲಿನ ಕೀರ್ತನೆಗಳಷ್ಟನ್ನೂ ದಿನವೂ ಬಾಯಿಪಾಠ ಹೇಳಬೇಕು. ಸೊಂಟದವರೆಗೆ ತಣ್ಣೀರಲ್ಲಿ ನಿಂತು, ಕೈಗಳನ್ನು ಶಿಲುಬೆಯ ಹಾಗೆ ಚಾಚಿ ಹೇಳಿದರೆ ಇನ್ನೂ ಶ್ರೇಷ್ಠ. ಕೆಲವರು ಹುಟ್ಟು ಇಲ್ಲದ ದೋಣಿಯಲ್ಲಿ ಕೂತು, ದೇವರು ಒಯ್ದ ಕಡೆಗೆ ಎಂದು ಕಡಲಿಗೆ ಹೋಗಿಬಿಡುತ್ತಿದ್ದರು. ಈ ವರ್ಷ ನಾನು ಬರೆಯಬೇಕಿದ್ದದ್ದು ಆ ದೋಣಿಗಳ ಅಧ್ಯಾಯ. ನವೆಂಬರಿನ ನಂತರ ಅದನ್ನು ಮುಟ್ಟಲು ಆಗಲಿಲ್ಲ. ಪ್ರೊಫೆಸರಿಗೆ ಹೇಳಿ ಬಾಗಿಲಿನ ಅಧ್ಯಾಯಕ್ಕೆ ಬಂದಿದ್ದೇನೆ.

ಅದೇನೆಂದರೆ, ಆ ದೇಶಕ್ಕೆ ಕ್ರಿಸ್ತ ಬರುವುದಕ್ಕೂ ಮೊದಲಿನ ಒಂದು ಕಾನೂನು. ದೊಡ್ಡ ಮನುಷ್ಯನೊಬ್ಬ ನಿನಗೆ ನ್ಯಾಯವಾಗಿ ಸಲ್ಲಬೇಕಾದ್ದನ್ನು ಸಲ್ಲಿಸದಿದ್ದರೆ, ಹೊತ್ತು ಮುಳುಗುವಾಗ ಅವನ ಬಾಗಿಲಿಗೆ ಹೋಗಿ ಊಟ ಬಿಟ್ಟು ಕೂರುವುದು. ನೀನು ಹೊರಗೆ ಕೂತಿರುವ ತನಕ ಒಳಗಿನವನು ತುತ್ತು ಎತ್ತುವ ಹಾಗಿಲ್ಲ. ಎತ್ತಿದರೆ ಮಾನ ಹೋಯಿತು, ಆಮೇಲೆ ಅವನ ಮಾತಿಗೆ ಬೆಲೆಯಿಲ್ಲ. ನಮ್ಮ ಕಡೆಯ ಧರಣಿಯೇ, ಏನೂ ವ್ಯತ್ಯಾಸವಿಲ್ಲ! ಸನ್ಯಾಸಿಗಳು ಹೊಸ ದೇವರನ್ನು ತಂದರು, ಹಳೆಯ ಹೊಸ್ತಿಲನ್ನು ಮಾತ್ರ ಬಿಡಲಿಲ್ಲ. ರಾಜರ ಮೇಲೆ ಉಪವಾಸ ಕೂತರು. ಅದು ಸಾಲದೆ ದೇವರ ಮೇಲೇ ಕೂತರು. ಸತ್ತವರ ಸಮಾಧಿಯ ಮುಂದೆ ಕೂತು, ಎದ್ದು ಬಂದು ಹೇಳು ಎಂದು ಹಟ ಹಿಡಿದ ಕಥೆಗಳೂ ಇವೆ. ನಿನ್ನ ಹಟದ ಮುಂದೆ ಅವರೆಲ್ಲ ಎಳೆಯರು ಬಿಡು.

ಊಟ ಸರಿಯಾಗಿ ಮಾಡುತ್ತಿದ್ದೀಯಾ? ಅದೊಂದು ಬರೆ ಸಾಕು.

ನಿನ್ನ ತಮ್ಮ,
ರಜತ್


ರ್ಯಾಂಚೊ ಪೆನಾಸ್ಕಿಟೋಸ್
೨೩ ಮಾರ್ಚ್ ೨೦೧೪

ರಜತ,

ಹರಿಯಲಿಲ್ಲ. ಆದರೆ ಕ್ಷಮಿಸಿದ್ದೇನೆ ಅಂದುಕೊಳ್ಳಬೇಡ.

ಊಟ ಕೇಳಿದ್ದೀಯಲ್ಲ, ಹೇಳುತ್ತೇನೆ. ನವೆಂಬರಿನಿಂದ ಅನ್ನ ಗಂಟಲಲ್ಲಿ ಇಳಿಯುವುದಿಲ್ಲ. ಬೆಳಿಗ್ಗೆ ಪರವಾಗಿಲ್ಲ, ಆಫೀಸಿನಲ್ಲಿ ಮಧ್ಯಾಹ್ನ ಏನೋ ಒಂದು ತಿನ್ನುತ್ತೇನೆ. ಹೊತ್ತು ಮುಳುಗಿತು ಅಂದರೆ ಮುಗಿಯಿತು. ತಟ್ಟೆ ಮುಂದೆ ಕೂತರೆ, ಹಸಿದವರೊಬ್ಬರು ಎದುರಿಗಿದ್ದು ಅವರನ್ನು ಬಿಟ್ಟು ಉಣ್ಣುತ್ತಿದ್ದೇನೆ ಎನ್ನಿಸುತ್ತದೆ. ಡಾಕ್ಟರು ಡಿಪ್ರೆಶನ್ ಅಂದರು. ಮಾತ್ರೆ ಕೊಟ್ಟರು. ಮಾತ್ರೆ ಚೆನ್ನಾಗಿ ಇಳಿಯುತ್ತದೆ.

ಕಳೆದ ವಾರ ಆರ್ಟೀಸಿಯಾಕ್ಕೆ ಹೋಗಿದ್ದೆ. ಪಯನಿಯರ್ ಬುಲೆವಾರ್ಡಿನ ನಮ್ಮವರ ಅಂಗಡಿಯಲ್ಲಿ ಗುರುತಿನವರು ಸಿಕ್ಕರೆ ಮೊದಲು ನನ್ನ ಹಣೆ ನೋಡುತ್ತಾರೆ, ಆಮೇಲೆ ಮುಖ. ಕುಂಕುಮ ಇಟ್ಟುಕೊಂಡೇ ಇದ್ದೇನೆ. ಯಾಕೆ ತೆಗೆಯಲಿ? ಯಾರು ನೋಡಿದ್ದಾರೆ ಅವರು ಹೋದದ್ದನ್ನು? ಮೆಕ್ಸಿಕೋ ಇಲ್ಲಿಂದ ಎಷ್ಟು ದೂರ? ಯಾವುದೋ ಹಡಗು ಎತ್ತಿಕೊಂಡಿರಬಹುದು, ಯಾವುದೋ ಊರಿನಲ್ಲಿ ಹೆಸರು ಮರೆತು ಕೂತಿರಬಹುದು. ನಗಬೇಡ. ನನಗೆ ಬೇಕಾದ್ದು ಒಂದೇ ಮಾತು ಕಣೋ. ಇದ್ದೀರಾ, ಇಲ್ಲವಾ? ಅವರ ಬಾಯಿಂದಲೇ ಬರಬೇಕು. ನಿನ್ನ ಬಾಯಿಂದಲ್ಲ.

ನಿನ್ನ ಸನ್ಯಾಸಿಗಳು ನನಗೆ ಇಷ್ಟವಾದರು. ಬಾಗಿಲು ಎಲ್ಲಿದೆ ಎಂದೇ ಗೊತ್ತಿಲ್ಲದವರ ಮೇಲೆ ಹೇಗೆ ಕೂರುವುದು? ನಿನ್ನ ಭಾವ ಹೊರಟ ದಡದಲ್ಲಿ ಕೂತರೆ ನಡೆಯುತ್ತದಾ?

ಇನ್ನೊಂದು. ಮುಂಬಾಗಿಲ ಲೈಟ್ ಕೆಟ್ಟಿದೆ. ಯಾರಾದರೂ ಹತ್ತಿರ ಬಂದರೆ ಮಾತ್ರ ಹತ್ತುವ ಲೈಟ್ ಅದು, ಅವರೇ ಹಾಕಿದ್ದು. ಈಗೀಗ ಸಂಜೆ ತಾನಾಗಿ ಹತ್ತುತ್ತದೆ, ಆರುವುದೇ ಇಲ್ಲ. ನಮ್ರತಾ, "ಅಮ್ಮಾ, ಇಟ್ಸ್ ಜಸ್ಟ್ ಎ ರಕೂನ್," ಅನ್ನುತ್ತಾಳೆ, ರಾತ್ರಿ ಕಸ ಕೆದಕಲು ಬರುತ್ತದಲ್ಲ, ಆ ಪ್ರಾಣಿ. ಇರಬಹುದು.

ಕುಮುದಾ


ಲಾಸ್ ಏಂಜಲೀಸ್
೬ ಏಪ್ರಿಲ್ ೨೦೧೪

ಅಕ್ಕಾ,

ದಯವಿಟ್ಟು ಬೇಡ. ನಿನ್ನನ್ನು ನಗಿಸೋಣ ಎಂದು ಬರೆದ ಕಥೆ ಅದು, ವ್ರತಕಥೆಯಲ್ಲ. ನಮ್ಮ ಮನೆಯವರಿಗೆ ಯಾವುದನ್ನು ಓದಿ ಹೇಳಿದರೂ ಕೊನೆಗೆ "ಇದನ್ನ ಯಾವ ವಾರ ಮಾಡಬೇಕು?" ಅಂತಲೇ ಕೇಳುವುದಲ್ಲ! ಊರಿಗೆಲ್ಲ ಒಂದು ದಾರಿಯಾದರೆ ನಮ್ಮದೇ ಒಂದು ದಾರಿ.

ಅದು ಮಾಡುವಂಥದ್ದೂ ಅಲ್ಲ. ನಿಯಮಗಳು ಬಹಳ ಬಿಗಿ. ಕೂತವನ ಬಾಯಿಗೆ ಏನೂ ಹೋಗಬಾರದು, ಏನೂ ಎಂದರೆ ಏನೂ. ಒಳಗಿನವನು ಬಂದು "ಸಲ್ಲಿಸುತ್ತೇನೆ" ಎಂದು ಮಾತು ಕೊಟ್ಟರೆ ಅಲ್ಲಿಗೆ ಎದ್ದುಬಿಡಬೇಕು, ಆಮೇಲೂ ಕೂತರೆ ತಪ್ಪು ಇವನದಾಗುತ್ತದೆ. ಮಾತು ಕೊಡದೆ ಒಳಗಿನವನು ಸುಮ್ಮನಿದ್ದರೆ ಆ ಮನೆಗೇ ಒಳ್ಳೆಯದಲ್ಲ. ಇಂಥ ಕಾನೂನನ್ನು ಹಿಡಿದುಕೊಂಡು ಪೆಸಿಫಿಕ್ ಸಮುದ್ರದ ಮೇಲೆ ಧರಣಿ ಕೂರುತ್ತೀಯಾ? ಲೈಫ್‌ಗಾರ್ಡ್ ಬಂದು ಎಬ್ಬಿಸುತ್ತಾನೆ ಅಷ್ಟೇ.

ಲೈಟಿನ ಸೆನ್ಸರ್ ಹೋಗಿರಬೇಕು. ಬಂದಾಗ ನೋಡುತ್ತೇನೆ. ಬರಲು ಬಿಡುತ್ತೀಯಾ?

ರಜತ್


ರ್ಯಾಂಚೊ ಪೆನಾಸ್ಕಿಟೋಸ್
೪ ಮೇ ೨೦೧೪

ರಜತ,

ಮಾಡಿದೆ. ಮಾಡುತ್ತಲೇ ಇದ್ದೇನೆ. ಬಯ್ಯುವುದಿದ್ದರೆ ಕೊನೆಯವರೆಗೂ ಓದಿ ಆಮೇಲೆ ಬಯ್ಯಿ.

ಪ್ರತಿ ಶನಿವಾರ ಹೊತ್ತು ಮುಳುಗುವಾಗ ಲಾ ಹೋಯಾದ ದಡಕ್ಕೆ ಹೋಗುತ್ತೇನೆ. ಅವರು ಕಯಾಕ್ ಇಳಿಸುತ್ತಿದ್ದ ಜಾಗದಲ್ಲೇ ಚಾಪೆ ಹಾಕಿ ಕೂರುತ್ತೇನೆ. ಸುತ್ತ ಸರ್ಫಿಂಗ್ ಹುಡುಗರು, ನಾಯಿ ಆಡಿಸುವವರು. ಯಾರೂ ತಿರುಗಿ ನೋಡುವುದಿಲ್ಲ, ಯೋಗ ಮಾಡುತ್ತಿದ್ದೇನೆ ಅಂದುಕೊಂಡಿರುತ್ತಾರೆ. ನಾನು ಸಮುದ್ರಕ್ಕೆ ಗಟ್ಟಿಯಾಗಿಯೇ ಹೇಳುತ್ತೇನೆ: "ನೋಡ್ರೀ, ಇದ್ದೀರೋ ಇಲ್ವೋ ಹೇಳೋ ತನಕ ನಾನು ಊಟ ಮಾಡಲ್ಲ. ನೀವೂ ಮಾಡೋ ಹಾಗಿಲ್ಲ." ಮೊದಲ ವಾರ ನನಗೇ ನಗು ಬಂತು.

ಮೂರನೆಯ ವಾರ ಮನೆಗೆ ಬಂದಾಗ ಮುಂಬಾಗಿಲ ಕಾಲೊರೆಸು ಒದ್ದೆಯಾಗಿತ್ತು. ಬಗ್ಗಿ ಮೂಸಿದೆ. ಸಮುದ್ರದ ವಾಸನೆ. ನನ್ನ ಚಪ್ಪಲಿಯ ನೀರು ಅಂದುಕೊಳ್ಳೋಣ ಎಂದರೆ ನಾನು ಇನ್ನೂ ಒಳಗೆ ಕಾಲಿಟ್ಟಿರಲಿಲ್ಲ. ಅದಾದ ಮೇಲೆ ದಿನವೂ ಹಾಗೆಯೇ. ಸಂಜೆ ಲೈಟ್ ಹತ್ತುತ್ತದೆ, ಬೆಳಿಗ್ಗೆ ಕಾಲೊರೆಸು ಒದ್ದೆ. ನನಗೆ ಭಯವಾಗಲಿಲ್ಲ ಕಣೋ. ಮೈಯೆಲ್ಲ ಬೆಚ್ಚಗಾಯಿತು. ನನ್ನ ಉಪವಾಸ ನಡೆಯುತ್ತಿದೆ, ಅವರು ಬರುತ್ತಿದ್ದಾರೆ. ಬಾಗಿಲ ತನಕ ಬಂದಿದ್ದಾರೆ, ಇನ್ನು ಬಾಯಿ ಬಿಡುವುದೊಂದೇ ಬಾಕಿ. ಈ ಕೆಲಸವನ್ನು ಯಾವ ಕೋಸ್ಟ್ ಗಾರ್ಡ್ ಮಾಡಿತ್ತು ಹೇಳು?

ನಮ್ರತಾ ಒಬ್ಬಳದೇ ಸ್ವಲ್ಪ ಯೋಚನೆ. ಹದಿಮೂರು ವರ್ಷದ ಹುಡುಗಿ, ರಾತ್ರಿ ಪಿಜ್ಜಾ ತರಿಸಿಕೊಟ್ಟರೂ ಪೆಟ್ಟಿಗೆ ಮುಚ್ಚಿ ಎದ್ದುಬಿಡುತ್ತಾಳೆ. "ಐ ಕಾಂಟ್, ಅಮ್ಮಾ. ಇಟ್ ಫೀಲ್ಸ್ ರೂಡ್," ಅಂದಳು ಮೊನ್ನೆ. ಯಾರಿಗೆ ರೂಡ್ ಅಂತ ಕೇಳಿದೆ. ಭುಜ ಕುಣಿಸಿದಳು. ಸ್ಕೂಲಿನಲ್ಲಿ ತೆಳ್ಳಗಾಗುವ ಹುಚ್ಚು ಇರಬೇಕು.

ನನ್ನ ಆರೋಗ್ಯದ ಯೋಚನೆ ಮಾಡಬೇಡ. ಉಪವಾಸವನ್ನು ಅಮ್ಮ ಕಲಿಸಿಕೊಟ್ಟ ಹಾಗೆ ಶಾಸ್ತ್ರೋಕ್ತವಾಗಿಯೇ ಮಾಡುತ್ತಿದ್ದೇನೆ. ಅನ್ನ ಮುಟ್ಟುವುದಿಲ್ಲ. ಹೊರಡುವ ಮುಂಚೆ ಒಂದಿಷ್ಟು ಅವಲಕ್ಕಿ ಮೊಸರು, ದಡದಲ್ಲಿ ಒಂದು ಬಾಳೆಹಣ್ಣು, ಬಂದ ಮೇಲೆ ಒಂದು ಲೋಟ ಹಾಲು, ಅಷ್ಟೇ.

ಕುಮುದಾ


ಲಾಸ್ ಏಂಜಲೀಸ್
೧೧ ಮೇ ೨೦೧೪

ಅಕ್ಕಾ,

ಅವಲಕ್ಕಿ ಎಂದು ಓದಿದ ತಕ್ಷಣ ಲೈಬ್ರರಿಯಲ್ಲಿ ಕೂತು ಜೋರಾಗಿ ನಕ್ಕೆ. ಪಕ್ಕದವಳು ಸಿಡುಕಿ ನೋಡಿದಳು. ಅಕ್ಕಾ, ನನ್ನ ಮಾರಾಯ್ತಿ, ಅವರ ಉಪವಾಸಕ್ಕೆ ಫಲಾಹಾರವಿಲ್ಲ! ಬಾಳೆಹಣ್ಣು ಸುಲಿದ ಕ್ಷಣ ನಿನ್ನ ಉಪವಾಸ ಮುರಿಯಿತು. ಹಾಲು ಕುಡಿದಾಗ ಇನ್ನೊಮ್ಮೆ ಮುರಿಯಿತು. ಆ ಸನ್ಯಾಸಿಗಳ ಲೆಕ್ಕದಲ್ಲಿ ನೀನು ಉಪವಾಸ ಕೂತೇ ಇಲ್ಲ, ಸಮುದ್ರದ ದಡದಲ್ಲಿ ಕೂತು ತಿಂಡಿ ತಿಂದು ಬಂದಿದ್ದೀಯ. ಇದನ್ನು ಐರ್ಲೆಂಡಿನ ಯಾವ ಮಠಾಧಿಪತಿಯೂ ಒಪ್ಪುವುದಿಲ್ಲ.

ಇಷ್ಟು ಬರೆದು ಟೀ ಕುಡಿಯಲು ಎದ್ದು ಹೋಗಿದ್ದೆ. ವಾಪಸ್ ಬಂದು ನನ್ನ ಸಾಲುಗಳನ್ನೇ ಓದಿದಾಗ ನಗು ನಿಂತಿತು.

ನಿನ್ನ ಉಪವಾಸ ಲೆಕ್ಕಕ್ಕಿಲ್ಲ ಎಂದಾದರೆ ಅದಕ್ಕೆ ಉತ್ತರವಾಗಿ ಯಾರೂ ಬರಬೇಕಾಗಿಲ್ಲ. ಹಾಗಾದರೆ ನಿನ್ನ ಬಾಗಿಲಿಗೆ ಬಂದಿರುವುದು ಏನು? ಲೈಟು ಹತ್ತಲು ಶುರುವಾಗಿದ್ದು ಯಾವಾಗ? ಮಾರ್ಚಿನ ಕಾಗದದಲ್ಲೇ ಬರೆದಿದ್ದೀಯ. ಆಗ ನೀನು ದಡಕ್ಕೆ ಹೋಗಿಯೇ ಇರಲಿಲ್ಲ.

ಇಪ್ಪತ್ತನಾಲ್ಕನೇ ತಾರೀಕು ಶನಿವಾರ ಬರುತ್ತೇನೆ. ಬಾಗಿಲು ತೆಗೆಯದಿದ್ದರೆ ನಾನೂ ಹೊರಗೇ ಕೂರುತ್ತೇನೆ.

ರಜತ್


ರ್ಯಾಂಚೊ ಪೆನಾಸ್ಕಿಟೋಸ್
೧ ಜೂನ್ ೨೦೧೪

ರಜತ,

ಹೇಳದೆ ಕೇಳದೆ ಹೊರಟು ಹೋಗುವುದು ಯಾವ ಮರ್ಯಾದೆ? ಬೆಳಿಗ್ಗೆ ಎದ್ದರೆ ಮಡಿಸಿಟ್ಟ ರಜಾಯಿ ಇದೆ, ನೀನಿಲ್ಲ.

ಬಂದ ದಿನ ಎಷ್ಟು ಚೆನ್ನಾಗಿದ್ದೆ. ಆರ್ಟೀಸಿಯಾದಿಂದ ಮೈಸೂರ್ ಪಾಕ್ ತಂದೆ, ನಮ್ರತಾಳನ್ನು ನಗಿಸಿದೆ, ಏಣಿ ಹತ್ತಿ ಲೈಟ್ ಬಿಚ್ಚಿ ನೋಡಿ, "ಏನೂ ಕೆಟ್ಟಿಲ್ಲ ಅಕ್ಕ, ಹೊಸದರ ಹಾಗಿದೆ," ಅಂದೆ. ಹೊತ್ತು ಮುಳುಗಿತು. ನಿನಗಿಷ್ಟ ಎಂದು ಮಾಡಿದ ಮೆಂತ್ಯದ ಹುಳಿ ಬಡಿಸಿದೆ. ನೀನು ಒಂದು ತುತ್ತು ಬಾಯಿಗಿಟ್ಟೆ. ನಿನ್ನ ಮುಖ ನೋಡುತ್ತಿದ್ದೆ ನಾನು. ನೀನು ಅಗಿಯುವುದು ನಿಲ್ಲಿಸಿದೆ. ನುಂಗಲೂ ಇಲ್ಲ, ಉಗುಳಲೂ ಇಲ್ಲ. ಆಮೇಲೆ ಎದ್ದು ಕೈತೊಳೆದು, ಮುಂಬಾಗಿಲು ತೆಗೆದು, ಹೊಸ್ತಿಲಲ್ಲಿ ನಿಂತೇ ಇದ್ದೆ. ಏನಿದೆ ಅಲ್ಲಿ ಎಂದು ಕೇಳಿದರೆ "ಏನಿಲ್ಲ" ಅಂದೆ. ಬಾಗಿಲನ್ನು ಮೆಲ್ಲಗೆ ಹಾಕಿದೆ. ಮಲಗಿದವರಿರುವ ರೂಮಿನ ಬಾಗಿಲನ್ನು ಹಾಗೆ ಹಾಕುತ್ತಾರೆ.

ನೀನು ನೋಡಿದ್ದನ್ನು ಬರಿ.

ಅಕ್ಕ


ಲಾಸ್ ಏಂಜಲೀಸ್
೧೦ ಜೂನ್ ೨೦೧೪

ಅಕ್ಕಾ,

ಬರೆಯುತ್ತೇನೆ. ಎದುರಿಗೆ ಹೇಳಲು ಧೈರ್ಯ ಬರಲಿಲ್ಲ.

ಲೈಟ್ ಉರಿಯುತ್ತಿತ್ತು. ಯಾರೂ ಇರಲಿಲ್ಲ. ಆದರೆ ಹೊಸ್ತಿಲಿಂದ ಒಂದು ಮೊಳ ಆಚೆ ಸಿಮೆಂಟಿನ ಮೇಲೆ ಒದ್ದೆಯಿತ್ತು. ಚೆಲ್ಲಿದ ನೀರಿನ ಒದ್ದೆಯಲ್ಲ. ಒಬ್ಬರು ಚಕ್ಕಂಬಕ್ಕಳ ಹಾಕಿ ಕೂತ ಗುರುತು: ಹಿಂದೆ ಅಗಲ, ಮುಂದೆ ಎರಡು ಮೊಣಕಾಲು. ಒಣಗುತ್ತಿರಲಿಲ್ಲ ಅಕ್ಕ. ನಾನು ನೋಡುತ್ತಿದ್ದ ಹಾಗೇ ಅಂಚು ದೊಡ್ಡದಾಗುತ್ತಿತ್ತು, ಒದ್ದೆ ಬಟ್ಟೆಯಿಂದ ನೀರು ಇಳಿಯುತ್ತಲೇ ಇದೆ ಅನ್ನುವ ಹಾಗೆ. ಮಳೆಯಿಲ್ಲ, ಸ್ಪ್ರಿಂಕ್ಲರ್ ಆ ಕಡೆ ಇಲ್ಲ. ಕೈ ಚಾಚಿದರೆ ಏನಾದರೂ ತಗಲುತ್ತದೆ ಅನ್ನಿಸಿತು. ಚಾಚಲಿಲ್ಲ.

ಮೊಣಕಾಲುಗಳು ರಸ್ತೆಯ ಕಡೆಗಿರಲಿಲ್ಲ. ಮನೆಯ ಒಳಗಡೆಗಿದ್ದವು.

ನಿನ್ನ ಕರೆಗೆ ಬಂದವರು ಬಾಗಿಲು ತಟ್ಟುತ್ತಾರೆ, ಮಾತಾಡುತ್ತಾರೆ. ಹೊತ್ತು ಮುಳುಗುವಾಗ ಬಂದು, ಬಾಗಿಲಿಗೆ ಮುಖ ಮಾಡಿ ಸುಮ್ಮನೆ ಕೂರುವವರು ಯಾರು ಎಂದು ನಾನೇ ನಿನಗೆ ಬರೆದು ಕಳಿಸಿದ್ದೆ. ನೀನು ಅವರ ಮೇಲೆ ಉಪವಾಸ ಕೂತಿಲ್ಲ ಅಕ್ಕ. ಅವರು ನಿನ್ನ ಮೇಲೆ ಕೂತಿದ್ದಾರೆ. ಏಪ್ರಿಲಿನಿಂದಲ್ಲ, ನಿನ್ನ ಗಂಟಲಲ್ಲಿ ಅನ್ನ ಇಳಿಯದೇ ಹೋಯಿತಲ್ಲ, ನವೆಂಬರ್, ಆವತ್ತಿನಿಂದ. ಹೊರಗೆ ಒಬ್ಬರು ಹಸಿದು ಕೂತಿದ್ದರೆ ಒಳಗಿನವರು ತುತ್ತು ಎತ್ತುವ ಹಾಗಿಲ್ಲ. ನೀನು ಎತ್ತಲಾರೆ, ನಮ್ರತಾ ಎತ್ತಲಾರಳು, ಆ ಸಂಜೆ ನಿನ್ನ ಮನೆಯೊಳಗಿದ್ದ ನಾನೂ ಎತ್ತಲಾರದೆ ಹೋದೆ.

ಅವರು ಕೇಳುತ್ತಿರುವುದು ಏನು ಎಂದು ನಾನು ಬರೆಯುವುದಿಲ್ಲ. ಬರೆದರೆ ಸಂಕ್ರಾಂತಿಯ ಮಾತೇ ಆಗುತ್ತದೆ. ನಮ್ಮಲ್ಲಿ ಯಾರಿಗೆ ಪಿಂಡ ಸಿಗುವುದಿಲ್ಲವೋ ಅವರು ಹಸಿದಿರುತ್ತಾರೆ ಅನ್ನುವುದನ್ನು ನಾನು ನಂಬಿದವನಲ್ಲ. ಈಗ ನಂಬುತ್ತೇನೋ ಗೊತ್ತಿಲ್ಲ. ಬಾಗಿಲು ತೆಗೆದು "ಸಲ್ಲಿಸುತ್ತೇನೆ" ಅನ್ನು. ಕೂತವರನ್ನು ಎಬ್ಬಿಸಲು ಬೇರೆ ದಾರಿಯಿಲ್ಲ.

ರಜತ್


ರ್ಯಾಂಚೊ ಪೆನಾಸ್ಕಿಟೋಸ್
೬ ಜುಲೈ ೨೦೧೪

ರಜತ,

ಕೂತಿರಲಿ.

ನೀನು ಬರೆದದ್ದು ಸುಳ್ಳು ಅನ್ನುವುದಿಲ್ಲ. ಅದನ್ನು ಓದಿ ಸಂಜೆ ನಾನೂ ಬಾಗಿಲ ಸಂದಿಯಿಂದ ನೋಡಿದೆ. ಇದೆ. ಎಡ ಮೊಣಕಾಲು ಸ್ವಲ್ಪ ಮೇಲೆದ್ದು ಗುರುತು ಚಿಕ್ಕದಾಗಿದೆ. ಕಾಲೇಜಿನಲ್ಲಿ ಕ್ರಿಕೆಟ್ ಆಡುವಾಗ ಪೆಟ್ಟಾಗಿ ಆ ಕಾಲು ಪೂರ್ತಿ ಮಡಿಸಲು ಬರುತ್ತಿರಲಿಲ್ಲ ಅವರಿಗೆ. ನಿನಗೆ ಗೊತ್ತಿರಲಿಕ್ಕಿಲ್ಲ. ನನಗೆ ಗೊತ್ತು.

ನಾನು ಬಾಗಿಲ ಈಚೆ ಕೂತೆ. ನಡುವೆ ಒಂದು ಹಲಗೆ, ಅಷ್ಟೇ. ಆಫೀಸಿನ ಸುದ್ದಿ ಹೇಳಿದೆ. ನಮ್ರತಾಳ ಮ್ಯಾಥ್ಸ್ ಮಾರ್ಕ್ಸ್ ಹೇಳಿದೆ. ಮದುವೆಯಾಗಿ ಹದಿನೈದು ವರ್ಷದಲ್ಲಿ ಒಂದು ಸಂಜೆಯಾದರೂ ಲ್ಯಾಪ್‌ಟಾಪ್ ಮುಚ್ಚಿ ಹೀಗೆ ಕೂತು ಕೇಳಿದ್ದರಾ? ಈಗ ಎದ್ದು ಹೋಗುವುದಿಲ್ಲ, ನಡುವೆ ಫೋನ್ ಬರುವುದಿಲ್ಲ. ಮಾತು ಕೊಟ್ಟುಬಿಡು ಅನ್ನುತ್ತೀಯ. ಕೊಟ್ಟರೆ ಎದ್ದು ಹೋಗುತ್ತಾರೆ! ನಾನೇ ಕೈಯಾರೆ ಎಬ್ಬಿಸಿ ಕಳಿಸಬೇಕಾ? ಹಸಿವು ಎಷ್ಟು ದೊಡ್ಡದು ಅದರ ಮುಂದೆ? ನಾನು ತಡೆಯುತ್ತೇನೆ.

ಈ ವಿಷಯ ಇನ್ನು ಬರೆಯಬೇಡ.

ಕುಮುದಾ


ಲಾಸ್ ಏಂಜಲೀಸ್
೨೪ ಆಗಸ್ಟ್ ೨೦೧೪

ಅಕ್ಕಾ,

ಬರೆಯಬೇಡ ಎಂದಿದ್ದೆ, ಬರೆಯುತ್ತಿದ್ದೇನೆ.

ನಮ್ರತಾ ನಿನ್ನೆ ಫೋನ್ ಮಾಡಿದ್ದಳು. ಸ್ಕೂಲಿನಲ್ಲಿ ಓಡುವಾಗ ತಲೆಸುತ್ತಿ ಬಿದ್ದದ್ದನ್ನು ನಿನಗೆ ಹೇಳಿಲ್ಲವಂತೆ. "ಮಾಮಾ, ಡೋಂಟ್ ಟೆಲ್ ಅಮ್ಮ," ಎಂದಳು. ಹೇಳುತ್ತಿದ್ದೇನೆ. ಬಟ್ಟೆ ಎಲ್ಲ ಸಡಿಲವಾಗಿವೆಯಂತೆ, ಬೆಲ್ಟಿಗೆ ತಾನೇ ಹೊಸ ತೂತು ಮಾಡಿಕೊಂಡಿದ್ದಾಳಂತೆ. ನೀರು ಕುಡಿದರೂ ಉಪ್ಪು ಅನ್ನಿಸುತ್ತದಂತೆ. ಕೊನೆಗೆ ಕನ್ನಡದಲ್ಲಿ ಕೇಳಿದಳು: "ಮಾಮಾ, ಅಪ್ಪ ಯಾಕೆ ಒಳಗೆ ಬರಲ್ಲ?"

ಅವಳಿಗೂ ಗೊತ್ತು. ಮೊದಲಿನಿಂದ ಗೊತ್ತು.

ನೀನು ಹಸಿವು ತಡೆಯುತ್ತೀಯ, ಸರಿ. ಅವಳು ಬೆಳೆಯುವ ಹುಡುಗಿ. ಭಾವನನ್ನು ಬಾಗಿಲಲ್ಲಿ ಉಳಿಸಿಕೊಳ್ಳಲು ಇವಳನ್ನು ಕಳೆದುಕೊಳ್ಳುತ್ತೀಯಾ? ಕೋಪ ಬಂದರೆ ಬರಲಿ. ಚಾಟ್ಸ್‌ವರ್ತ್‌ನ ಪುರೋಹಿತ ವೆಂಕಟಾಚಲ ಶಾಸ್ತ್ರಿಗಳ ನಂಬರ್ ಈ ಕಾಗದದ ಹಿಂದೆ ಬರೆದಿದ್ದೇನೆ.

ರಜತ್


ರ್ಯಾಂಚೊ ಪೆನಾಸ್ಕಿಟೋಸ್
೨೪ ಸೆಪ್ಟೆಂಬರ್ ೨೦೧೪

ರಜತ,

ಭಾನುವಾರ ಎಲ್ಲ ಮುಗಿಯಿತು. ನಿನ್ನನ್ನು ಕರೆಯಲಿಲ್ಲ. ಬೇಜಾರು ಮಾಡಿಕೊಳ್ಳಬೇಡ. ಸಂಕ್ರಾಂತಿಯ ದಿನ ಯಾವ ಮಾತಿಗೆ ನಿನಗೆ ಬಾಗಿಲು ತೋರಿಸಿದ್ದೆನೋ ಅದೇ ಮಾತನ್ನು ಈಗ ನಾನು ಹೇಳಬೇಕಾಗಿತ್ತು, ನಿನ್ನೆದುರು ಬಾಯಿ ಬರುತ್ತಿರಲಿಲ್ಲ.

ನಿನ್ನ ಕಾಗದ ಬಂದ ಸಂಜೆ ನಮ್ರತಾಳನ್ನು ಕನ್ನಡಿಯ ಮುಂದೆ ನಿಲ್ಲಿಸಿ ಶರ್ಟ್ ಎತ್ತಿ ನೋಡಿದೆ. ಪಕ್ಕೆಲುಬುಗಳು ಕಾಣುತ್ತಿದ್ದವು. ಅವಳು ಶರ್ಟ್ ಕೆಳಗೆಳೆದುಕೊಂಡಳು. ಆವಾಗ ನನಗೆ ಅವರ ಮೇಲೆ ಸಿಟ್ಟು ಬಂತು, ಮೊದಲನೇ ಸಲ. ಹೋಗಿ ಬಾಗಿಲು ತೆಗೆದೆ. ಲೈಟಿನ ಕೆಳಗೆ ಒದ್ದೆ ಗುರುತು. "ಆಯ್ತು ಕಣ್ರೀ, ಸಲ್ಲಿಸ್ತೀನಿ. ಎದ್ದೇಳಿ. ಮಗಳು ಊಟ ಮಾಡ್ಲಿ," ಅಂದೆ. ಎಷ್ಟೋ ಹೊತ್ತು ಹಾಗೇ ಇತ್ತು. ಆಮೇಲೆ ಲೈಟ್ ಆರಿತು. ಆ ರಾತ್ರಿ ನಮ್ರತಾ ಎರಡು ದೋಸೆ ತಿಂದಳು. ನನಗೆ ಮಾತ್ರ ಇಳಿಯಲಿಲ್ಲ. ಕೊಟ್ಟ ಮಾತು ಇನ್ನೂ ಬಾಕಿಯಿತ್ತಲ್ಲ.

ಶಾಸ್ತ್ರಿಗಳು ವಾರವೆಲ್ಲ ಯಾವುದೋ ಕಾರ್ಖಾನೆಯಲ್ಲಿ ಇನ್ಸ್‌ಪೆಕ್ಟರು, ಶನಿವಾರ ಭಾನುವಾರ ಪುರೋಹಿತರು. ದೇಹ ಸಿಗದವರಿಗೆ ದರ್ಭೆಯಲ್ಲಿ ಗೊಂಬೆ ಮಾಡಿ ಸಂಸ್ಕಾರ ಮಾಡಬಹುದು ಅಂದರು. ಹತ್ತು ದಿನದ್ದನ್ನು ಮೂರು ದಿನಕ್ಕೆ ಇಳಿಸಿದರು. ಮಗನಿಲ್ಲವಲ್ಲ ಎಂದು ನಾನು ತಡವರಿಸಿದರೆ, "ನೀವೇ ಮಾಡಿ ತಾಯಿ, ಅವರಿಗೆ ಬೇಕಾಗಿರೋದು ನಿಮ್ಮ ಕೈಯಿಂದ," ಅಂದರು. ಗೊಂಬೆ ಸುಡುವುದೆಲ್ಲಿ? ಸೆಪ್ಟೆಂಬರಿನಲ್ಲಿ ಇಲ್ಲಿ ಬಯಲಲ್ಲಿ ಬೆಂಕಿ ಹಚ್ಚುವ ಹಾಗಿಲ್ಲ. ಕೊನೆಗೆ ಹೊಸ ಬಾರ್ಬೆಕ್ಯೂ ಗ್ರಿಲ್ ತಂದು ಹಿತ್ತಲಲ್ಲಿ ಅದರೊಳಗೇ ಅಗ್ನಿ ಕೊಟ್ಟೆ. ಅವರಿದ್ದಿದ್ದರೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ನಮ್ರತಾ ನನ್ನ ಸೆರಗು ಹಿಡಿದುಕೊಂಡು ನಿಂತಿದ್ದಳು. ದರ್ಭೆ ಒಣಗಿದ್ದು, ಆದರೂ ಹತ್ತಲು ಬಹಳ ಹೊತ್ತು ಹಿಡಿಯಿತು. ಹೊಗೆ ಬರುವ ಮುಂಚೆ ಅದರಿಂದ ನೀರು ಸುರಿಯಿತು. ಶಾಸ್ತ್ರಿಗಳು ನೋಡಿದರು, ಮಂತ್ರ ನಿಲ್ಲಿಸಲಿಲ್ಲ.

ಭಾನುವಾರ ಪಿಂಡ ಇಟ್ಟೆವು. ಹಿತ್ತಲ ಬೇಲಿಯಾಚೆ ಕಣಿವೆ, ದಿನವೂ ಕಾಗೆಗಳ ಗಲಾಟೆ ಇದ್ದೇ ಇರುತ್ತದೆ. ಅವತ್ತೂ ಬಂದವು. ಬೇಲಿಯ ಮೇಲೆ ಉದ್ದಕ್ಕೂ ಸಾಲಾಗಿ ಕೂತವು. ಒಂದೂ ಕೂಗಲಿಲ್ಲ. ಒಂದೂ ಕೆಳಗಿಳಿಯಲಿಲ್ಲ. ಪಿಂಡವನ್ನು ನೋಡುತ್ತಿರಲಿಲ್ಲ, ನನ್ನನ್ನು ನೋಡುತ್ತಿದ್ದವು.

"ಏನೋ ಆಸೆ ಉಳಿದಿದೆ, ಮಾತು ಕೊಡಿ," ಎಂದರು ಶಾಸ್ತ್ರಿಗಳು.

ಕೊಟ್ಟೆ. ನಮ್ರತಾಳನ್ನು ಚೆನ್ನಾಗಿ ಓದಿಸುತ್ತೇನೆ ಅಂದೆ. ನಿಮ್ಮ ಅಮ್ಮನನ್ನು ನೋಡಿಕೊಳ್ಳುತ್ತೇನೆ ಅಂದೆ. ರಜತನ ಜೊತೆ ಮಾತು ಬಿಡುವುದಿಲ್ಲ ಅಂದೆ. ಬಿಸಿಲು ನೆತ್ತಿಗೆ ಬಂತು, ಅನ್ನ ಒಣಗಿ ಬಿರಿಯಿತು, ಕಾಗೆಗಳು ಅಲುಗಲಿಲ್ಲ. ನಮ್ರತಾ ನನ್ನ ಕಿವಿಯ ಹತ್ತಿರ ಬಂದು, "ಅಮ್ಮಾ, ಜಸ್ಟ್ ಟೆಲ್ ಹಿಮ್," ಅಂದಳು.

ಎಲ್ಲ ಕೊಟ್ಟಿದ್ದೆ ರಜತ, ಅದೊಂದನ್ನು ಬಿಟ್ಟು. ಸಂಸ್ಕಾರ ಮಾಡುವಾಗಲೂ ಒಳಗೊಳಗೇ, ಇದು ಗೊಂಬೆ, ಅವರಲ್ಲ, ಅನ್ನುತ್ತಲೇ ಇದ್ದೆ. ದಡದಲ್ಲಿ ಕೂತು ಅವರನ್ನು ಹೇಳಿ ಹೇಳಿ ಎಂದು ಪೀಡಿಸಿದೆನಲ್ಲ, ಆ ಮಾತನ್ನು ನಾನು ಅವರಿಗೆ ಹೇಳಬೇಕಾಗಿತ್ತು. ಯಾರೂ ಹೇಳದೆ ಅವರಿಗಾದರೂ ಹೇಗೆ ಗೊತ್ತಾಗಬೇಕು?

ಮಂಡಿಯೂರಿ ಕೂತು ಹೇಳಿದೆ. "ನೀವು ಸತ್ತು ಹೋಗಿದ್ದೀರಿ ಕಣ್ರೀ. ನವೆಂಬರಲ್ಲೇ. ಸಮುದ್ರದಲ್ಲಿ. ಬನ್ನಿ, ಊಟ ಮಾಡಿ."

ಒಂದು ಕಾಗೆ ಇಳಿಯಿತು. ಪಿಂಡವನ್ನು ಒಂದು ಸಲ ಕುಕ್ಕಿ ತಲೆಯೆತ್ತಿ ನೋಡಿತು. ಆಮೇಲೆ ಎಲ್ಲವೂ ಒಟ್ಟಿಗೆ ಇಳಿದವು. ಅಷ್ಟು ಹಸಿವನ್ನು ನಾನು ಯಾವತ್ತೂ ನೋಡಿಲ್ಲ. ಎಲೆ ಕೂಡ ಉಳಿಯಲಿಲ್ಲ. ಶಾಸ್ತ್ರಿಗಳು ಎರಡು ಹೆಜ್ಜೆ ಹಿಂದೆ ಸರಿದರು.

ಮಧ್ಯಾಹ್ನ ಅನ್ನ, ತೊವ್ವೆ, ಬಾಳೆಕಾಯಿ ಪಲ್ಯ. ಮೊದಲ ತುತ್ತು ಭಯದಿಂದಲೇ ಬಾಯಿಗಿಟ್ಟೆ. ಇಳಿಯಿತು. ಎರಡನೆಯದೂ ಇಳಿಯಿತು. ಸಂಕಟ ಏನೆಂದರೆ ರುಚಿಯಾಗಿತ್ತು. ಅಳುತ್ತಿದ್ದೆ, ಕೈ ಮಾತ್ರ ನಿಲ್ಲುತ್ತಿರಲಿಲ್ಲ. ತಿಂಗಳುಗಟ್ಟಲೆಯ ಹಸಿವು ಒಂದೇ ಸಲ ಬಂದ ಹಾಗೆ.

ನಿನ್ನ ಭಾವ ತೀರಿಕೊಂಡದ್ದು ಹೋದ ನವೆಂಬರಿನಲ್ಲಿ. ನಾನು ವಿಧವೆಯಾದದ್ದು ಮೊನ್ನೆ ಭಾನುವಾರ, ಎರಡನೇ ಸಲ ಅನ್ನ ಬಡಿಸಿಕೊಂಡಾಗ.

ನಿನ್ನ ಅಕ್ಕ,
ಕುಮುದಾ